ಅರವತ್ತು ವರ್ಷದ ತಾಲೀಮು

1955ರ ಚಿತ್ರಗಳಿಗೆ ಬ್ರಿಟಿಷ್ ಫಿಲಂ ಅಕಾಡೆಮಿ ಕೊಟ್ಟ ಪ್ರಶಸ್ತಿಗಳ ಪಟ್ಟಿ ತೆಗೆದು ನೋಡಿದರೆ, ಅತ್ಯುತ್ತಮ ಬ್ರಿಟಿಷ್ ನಟ ಎಂಬಲ್ಲಿ ಲಾರೆನ್ಸ್ ಒಲಿವಿಯರ್ ಹೆಸರಿದೆ. ಚಿತ್ರ 'ರಿಚರ್ಡ್ ದಿ ಥರ್ಡ್'. ಅದರಲ್ಲಿ ಅಚ್ಚರಿ ಏನಿಲ್ಲ. ಅತ್ಯುತ್ತಮ ಬ್ರಿಟಿಷ್ ನಟಿ ಎಂಬಲ್ಲಿ ಇರುವುದು ಕೇಟಿ ಜಾನ್ಸನ್. ಆ ವರ್ಷ ಕಣದಲ್ಲಿದ್ದು ಪ್ರಶಸ್ತಿ ತಪ್ಪಿಸಿಕೊಂಡವರಲ್ಲಿ ಡೆಬೊರಾ ಕೆರ್ ಇದ್ದರು, ಮಾರ್ಗರೆಟ್ ಲಾಕ್‌ವುಡ್ ಇದ್ದರು. ಅದಕ್ಕೂ ಹಿಂದೆ ಇದೇ ಪ್ರಶಸ್ತಿ ವಿವಿಯನ್ ಲೀ ಮತ್ತು ಆಡ್ರಿ ಹೆಪ್‌ಬರ್ನ್ ಪಾಲಾಗಿತ್ತು. ಇಂಥ ತಾರೆಯರ ಸಾಲಿನಲ್ಲಿ ಈ ಹೆಸರು ಯಾರದ್ದು ಎಂದು ಇಂಗ್ಲೆಂಡಿನ ಸಿನಿಮಾ ಪ್ರೇಕ್ಷಕರೇ ಆಗ ತಲೆ ಕೆರೆದುಕೊಂಡಿರಬೇಕು. ಮುಖ ಮಾತ್ರ ಅವರಿಗೆ ಗುರುತಿದ್ದದ್ದೇ. ಇಪ್ಪತ್ತು ಚಿಲ್ಲರೆ ವರ್ಷಗಳಿಂದ ಒಂದಲ್ಲ ಒಂದು ಚಿತ್ರದ ಮೂಲೆಯಲ್ಲಿ, ಟೊಪ್ಪಿ ಹಾಕಿಕೊಂಡು, ಕೈಚೀಲ ಹಿಡಿದು, ಎರಡು ಮಾತಾಡಿ ಹೊರಟುಹೋಗುತ್ತಿದ್ದ ಅಜ್ಜಿ ಅದು. ಪ್ರಶಸ್ತಿ ಬಂದಾಗ ಆಕೆಗೆ 77 ವರ್ಷ.

ಪ್ರಶಸ್ತಿ ತಂದುಕೊಟ್ಟ ಚಿತ್ರ 'ದಿ ಲೇಡಿಕಿಲರ್ಸ್'. ಈಲಿಂಗ್ ಸ್ಟುಡಿಯೋದವರು ತೆಗೆದ ಹಾಸ್ಯಚಿತ್ರಗಳಲ್ಲಿ ಕೊನೆಯ ದೊಡ್ಡದು. ಕತೆ ಇಷ್ಟು: ಲಂಡನ್ನಿನ ಕಿಂಗ್ಸ್ ಕ್ರಾಸ್ ನಿಲ್ದಾಣದ ಬೆನ್ನಿಗೆ, ರೈಲು ಸುರಂಗದ ನೆತ್ತಿಯ ಮೇಲೆ, ಯುದ್ಧಕಾಲದ ಬಾಂಬಿಗೆ ಅದುರಿ ವಾಲಿಕೊಂಡ ಒಂದು ಮನೆ. ಅದರಲ್ಲಿ ಮಿಸೆಸ್ ವಿಲ್ಬರ್‌ಫೋರ್ಸ್ ಎಂಬ ವಿಧವೆ, ಜೊತೆಗೆ ಅವಳ ಗಿಳಿಗಳು. ಮಹಡಿಯ ಕೋಣೆ ಬಾಡಿಗೆಗೆ ಕೇಳಿಕೊಂಡು ಪ್ರೊಫೆಸರ್ ಒಬ್ಬ ಬರುತ್ತಾನೆ, ಅವನ ಹಿಂದೆ ನಾಲ್ವರು ಸ್ನೇಹಿತರು. ತಾವು ಸಂಗೀತಗಾರರು, ಅಭ್ಯಾಸ ಮಾಡಬೇಕು ಎನ್ನುತ್ತಾರೆ. ಗ್ರಾಮಫೋನಿನಲ್ಲಿ ಬೊಕೆರಿನಿಯ ಮಿನ್ಯುಯೆಟ್ ಹಾಕಿಟ್ಟು ಒಳಗೆ ದರೋಡೆಯ ಸಂಚು ಹೂಡುತ್ತಾರೆ. ದರೋಡೆಯೇನೋ ಸಲೀಸಾಗಿ ಆಗಿಬಿಡುತ್ತದೆ. ಅಜ್ಜಿಗೆ ಗುಟ್ಟು ಗೊತ್ತಾದ ಮೇಲೆ ಅವಳನ್ನು ಮುಗಿಸುವುದು ಮಾತ್ರ ಐದು ಜನ ಗಂಡಸರಿಗೆ ಆಗುವುದಿಲ್ಲ. ಒಬ್ಬೊಬ್ಬರಾಗಿ ತಾವೇ ಹೆಣವಾಗಿ ಕೆಳಗೆ ಹಾದುಹೋಗುವ ಗೂಡ್ಸ್ ರೈಲಿನ ವ್ಯಾಗನ್ನು ಸೇರುತ್ತಾರೆ.

ಕೇಟಿಯ ಬಗ್ಗೆ ಬರೆಯುವವರೆಲ್ಲ ಒಂದು ಮಾತನ್ನು ಬಿಡದೆ ಹೇಳುತ್ತಾರೆ: ಮುಪ್ಪಿನಲ್ಲಿ ಅದೃಷ್ಟ ಖುಲಾಯಿಸಿತು, ಎಲೆಮರೆಯ ಕಾಯಿಯನ್ನು ನಿರ್ದೇಶಕ ಹುಡುಕಿ ತೆಗೆದ ಎಂದು. ಕೇಳಲು ಚೆಂದ. ಆದರೆ ಆಕೆಯ ಹಿಂದಿನ ಚಿತ್ರಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದರೆ ಈ ಅದೃಷ್ಟದ ಮಾತು ನನಗಂತೂ ಗಂಟಲಲ್ಲಿ ಇಳಿಯುವುದಿಲ್ಲ. ಮಿಸೆಸ್ ವಿಲ್ಬರ್‌ಫೋರ್ಸ್ ಪಾತ್ರವನ್ನು ಕೇಟಿ ತುಂಡುತುಂಡಾಗಿ ಬಹಳ ವರ್ಷಗಳಿಂದ ಮಾಡುತ್ತಲೇ ಬಂದಿದ್ದರು. ಈಲಿಂಗ್‌ನವರು ಮಾಡಿದ್ದು ಆ ತುಂಡುಗಳಿಗೆ ಒಂದು ಇಡೀ ಕತೆ ಹೊಲಿದು ಕೊಟ್ಟದ್ದು.

ಕೇಟಿ ಹುಟ್ಟಿದ್ದು 1878ರ ನವೆಂಬರ್ 18ರಂದು, ಇಂಗ್ಲೆಂಡಿನ ದಕ್ಷಿಣದ ಸಸೆಕ್ಸ್ ಸೀಮೆಯ ಕ್ಲೇಟನ್ ಎಂಬ ಊರಿನಲ್ಲಿ. ಇಟ್ಟ ಹೆಸರು ಬೆಸ್ಸಿ ಕೇಟ್ ಜಾನ್ಸನ್. ರಂಗದ ಮೇಲೆ ಮೊದಲು ಕಾಲಿಟ್ಟದ್ದು 1894ರಲ್ಲಿ, ಹದಿನಾರು ತುಂಬುವ ಹೊತ್ತಿಗೆ. ವಿಕ್ಟೋರಿಯಾ ರಾಣಿ ಇನ್ನೂ ಬದುಕಿದ್ದ ಕಾಲ. ಲಂಡನ್ನಿನ ವೆಸ್ಟ್ ಎಂಡ್‌ನಲ್ಲಿ ಹೆಸರು ಮಾಡುವ ನಟಿಯರು ಬೆರಳೆಣಿಕೆಯಷ್ಟು ಇದ್ದರು. ಉಳಿದವರ ಪಾಲಿಗೆ ನಾಟಕ ಎಂದರೆ ತಿರುಗಾಟ: ಒಂದು ವಾರಕ್ಕೆ ಒಂದು ಊರು, ಶನಿವಾರ ರಾತ್ರಿ ಕೊನೆಯ ಆಟ, ಭಾನುವಾರ ಗಂಟುಮೂಟೆ ಸಮೇತ ರೈಲು. ಕ್ರೂ ಜಂಕ್ಷನ್ನಿನಲ್ಲಿ ಭಾನುವಾರ ಇಳಿದರೆ, ಉತ್ತರಕ್ಕೆ ಹೋಗುವ ಕಂಪನಿ, ದಕ್ಷಿಣಕ್ಕೆ ಹೋಗುವ ಕಂಪನಿ ಎಲ್ಲವೂ ಒಂದೇ ಪ್ಲಾಟ್‌ಫಾರ್ಮಿನಲ್ಲಿ ಎದುರಾಗುತ್ತಿದ್ದವು. ಊರೂರಿನಲ್ಲೂ ನಾಟಕದವರಿಗೇ ಕೋಣೆ ಬಾಡಿಗೆ ಕೊಡುವ ಹೆಂಗಸರಿದ್ದರು. ಅಂಥ ಮನೆಯೊಡತಿಯರ ಗೊಣಗಾಟ, ಮಮತೆ, ನಿಯಮಾವಳಿ, ಅವರು ಕೊಡುವ ಚಹಾ, ಇವೆಲ್ಲ ನಟನಟಿಯರ ನೆನಪಿನ ಪುಸ್ತಕಗಳಲ್ಲಿ ಪುಟಗಟ್ಟಲೆ ಬರುತ್ತವೆ. ಯೌವನದಲ್ಲಿ ಅಂಥ ಮನೆಗಳಲ್ಲಿ ಬಾಡಿಗೆಗೆ ಇರುವುದು, ಮುಪ್ಪಿನಲ್ಲಿ ಬಾಡಿಗೆ ಕೊಡುವವಳಾಗಿ ನಟಿಸುವುದು: ಆ ಕಾಲದ ಪೋಷಕ ನಟಿಯ ಜೀವನಚರಿತ್ರೆಯನ್ನು ಒಂದು ಸಾಲಿಗೆ ಇಳಿಸಿದರೆ ಹೀಗಾಗುತ್ತದೆ.

ಕೂಲಿಯ ಲೆಕ್ಕ ಬಿಗಿ ಇತ್ತು. ತಾಲೀಮಿನ ದಿನಗಳಿಗೆ ಸಂಬಳವಿಲ್ಲ. ರಾಜರಾಣಿಯರ ನಾಟಕವಾದರೆ ಕಂಪನಿಯ ಪೆಟ್ಟಿಗೆಯಿಂದ ಉಡುಪು ಸಿಗುತ್ತಿತ್ತು. ತತ್ಕಾಲದ ಸಾಮಾಜಿಕ ನಾಟಕವಾದರೆ ನಟಿ ತನ್ನ ಬಟ್ಟೆಯನ್ನು ತಾನೇ ತರಬೇಕು. ಒಳ್ಳೆಯ ಬಟ್ಟೆ ಇಲ್ಲದವಳಿಗೆ ಒಳ್ಳೆಯ ಪಾತ್ರವೂ ತಪ್ಪುತ್ತಿತ್ತು. ನಟರ ಸಂಘ 'ಇಕ್ವಿಟಿ' ಗಟ್ಟಿಯಾಗಿ ನೆಲೆ ನಿಂತದ್ದು 1930ರಲ್ಲಿ. ಕೇಟಿ ವೃತ್ತಿಗೆ ಬಂದು ಆಗ ಮೂವತ್ತಾರು ವರ್ಷ ಆಗಿಹೋಗಿತ್ತು. 1908ರಲ್ಲಿ ಫ್ರಾಂಕ್ ಬೇಲಿ ಎಂಬ ನಟನನ್ನು ಅವರು ಮದುವೆಯಾದರು. ಗಂಡ 1923ರಲ್ಲಿ ತೀರಿಕೊಂಡರು. ಅಲ್ಲಿಂದ ಮುಂದಿನ ಮೂವತ್ತನಾಲ್ಕು ವರ್ಷ, ಅಂದರೆ ನಾವು ತೆರೆಯ ಮೇಲೆ ನೋಡಬಹುದಾದ ಅಷ್ಟೂ ಕಾಲ, ಆಕೆ ವಿಧವೆ.

ಐವತ್ತಮೂರರ ಹೆಂಗಸಿಗೆ ಸಿನಿಮಾದ ಬಾಗಿಲು ತೆರೆದದ್ದಕ್ಕೆ ಎರಡು ಕಾರಣಗಳಿದ್ದವು. ಒಂದು, ಮಾತಿನ ಚಿತ್ರಗಳು ಬಂದವು. ಮಾತನ್ನು ಸ್ಪಷ್ಟವಾಗಿ ಆಡಬಲ್ಲ ರಂಗದ ಮಂದಿ ದಿಢೀರನೆ ಬೇಕಾದರು. ಇನ್ನೊಂದು, 1927ರ ಸಿನಿಮಾ ಕಾಯಿದೆ. ಹಾಲಿವುಡ್ ಪ್ರವಾಹದಲ್ಲಿ ಬ್ರಿಟಿಷ್ ಚಿತ್ರೋದ್ಯಮ ಕೊಚ್ಚಿಹೋಗುತ್ತಿದೆ ಎಂದು ಹೆದರಿದ ಸರ್ಕಾರ, ವಿತರಕರೂ ಚಿತ್ರಮಂದಿರಗಳೂ ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರಗಳನ್ನು ತೋರಿಸಲೇಬೇಕೆಂದು ಕಟ್ಟು ಮಾಡಿತು. ಅಮೆರಿಕದ ಕಂಪನಿಗಳು ಈ ಪಾಲು ತುಂಬಲು ಅಗ್ಗದ ಚಿತ್ರಗಳನ್ನು ಮಾಡಿಸಿದವು. ಅಡಿ ಫಿಲಂಗೆ ಒಂದು ಪೌಂಡ್ ದರ, ಕೆಲವೇ ವಾರಗಳಲ್ಲಿ ಚಿತ್ರ ತಯಾರು. ಜನ ಇವನ್ನು 'ಕೋಟಾ ಕ್ವಿಕೀಸ್' ಎಂದು ಹೀಗಳೆದರು. ಕಲೆಯ ಲೆಕ್ಕದಲ್ಲಿ ಹೀಗಳೆದದ್ದು ಬಹುಪಾಲು ಸರಿಯೇ. ಆದರೆ ಹೊಟ್ಟೆಪಾಡಿನ ಲೆಕ್ಕದಲ್ಲಿ ನೋಡಿದರೆ, ನೂರಾರು ಪೋಷಕ ನಟನಟಿಯರ ಮನೆಯ ಒಲೆ ಉರಿದದ್ದು ಆ ದಶಕದ ಇಂಥ ಕೆಲಸದಿಂದಲೇ.

ಲಂಡನ್ನಿನ ಭೂಗೋಳವೂ ಇವರಿಗೆ ಅನುಕೂಲವಾಗಿತ್ತು. ಹಾಲಿವುಡ್ ನಟ ನ್ಯೂಯಾರ್ಕಿನ ನಾಟಕದಲ್ಲಿರಬೇಕಾದರೆ ಇಡೀ ಖಂಡ ದಾಟಬೇಕು. ಎಲ್‌ಸ್ಟ್ರೀ, ಈಲಿಂಗ್, ಟ್ವಿಕನ್‌ಹ್ಯಾಮ್, ಡೆನ್‌ಹ್ಯಾಮ್, ಪೈನ್‌ವುಡ್ ಸ್ಟುಡಿಯೋಗಳೆಲ್ಲ ಲಂಡನ್ನಿನಿಂದ ರೈಲಿನಲ್ಲೋ ಬಸ್ಸಿನಲ್ಲೋ ಹೋಗಿ ಬರುವಷ್ಟು ಹತ್ತಿರ. ನಸುಕಿಗೇ ಮೇಕಪ್ ಕುರ್ಚಿ, ಹಗಲೆಲ್ಲ ಕ್ಯಾಮೆರಾ, ಸಂಜೆ ವೆಸ್ಟ್ ಎಂಡ್‌ನಲ್ಲಿ ತೆರೆ ಏಳುವ ಹೊತ್ತಿಗೆ ಅಲ್ಲಿ ಹಾಜರು. ಹೀಗೆ ಎರಡು ಪಾಳಿ ದುಡಿದವರು ಎಷ್ಟೋ ಮಂದಿ. ಯಾರಿಗೆ ಯಾವ ಪಾತ್ರ ಎಂದು ಗೊತ್ತುಮಾಡುವವರ ಮೇಜಿನ ಮೇಲೆ 1927ರಿಂದ 'ಸ್ಪಾಟ್‌ಲೈಟ್' ಎಂಬ ದಪ್ಪ ಪುಸ್ತಕ ಇರುತ್ತಿತ್ತು, ನಟನಟಿಯರ ಫೋಟೋ, ವಿಳಾಸಗಳ ಸಮೇತ. ಪುಟ ತಿರುವಿ, ಮುಖ ನೋಡಿ, ದಿನಗೂಲಿಗೆ ಕರೆಸುವುದು. ನಾಯಕಿಗೆ ವಯಸ್ಸಾಗುವುದು ಶಾಪ. ಪೋಷಕ ನಟಿಗೆ ಅದೇ ಬಂಡವಾಳ. ಹಾಗೆಂದು ಎಲ್ಲರೂ ವಯಸ್ಸನ್ನು ಒಪ್ಪಿಕೊಂಡರೆಂದಲ್ಲ. ಇದೇ ಕಸುಬಿನ ಇನ್ನೊಬ್ಬ ಹೆಸರುವಾಸಿ ಕ್ಯಾಥ್ಲೀನ್ ಹ್ಯಾರಿಸನ್ 1892ರಲ್ಲಿ ಹುಟ್ಟಿ 1898 ಎಂದು ಹೇಳಿಕೊಳ್ಳುತ್ತಿದ್ದರು. ಕೊನೆಗೆ ನೂರಮೂರು ವರ್ಷ ಬದುಕಿದರು ಎನ್ನುವಾಗ ಆ ಆರು ವರ್ಷದ ಕಳ್ಳತನ ನಗು ತರಿಸುತ್ತದೆ.

ಕೇಟಿಯ ಮೊದಲ ಚಿತ್ರ 1932ರ 'ಆಫ್ಟರ್ ಆಫೀಸ್ ಅವರ್ಸ್', ಜಾನ್ ವಾನ್ ಡ್ರೂಟನ್ನರ 'ಲಂಡನ್ ವಾಲ್' ನಾಟಕದಿಂದ ಮಾಡಿದ್ದು. ಕತೆ ನಡೆಯುವುದು ಒಂದು ವಕೀಲರ ಕಚೇರಿಯಲ್ಲಿ. ಅಲ್ಲಿಗೆ ಬರುವ ವಿಚಿತ್ರ ಸ್ವಭಾವದ ವಯಸ್ಸಾದ ಕಕ್ಷಿದಾರಳೇ ಕೇಟಿ. ಇಪ್ಪತ್ತಮೂರು ವರ್ಷದ ನಂತರ 'ದಿ ಲೇಡಿಕಿಲರ್ಸ್' ಶುರುವಾಗುವುದು ಒಬ್ಬ ಅಜ್ಜಿ ಛತ್ರಿ ಹಿಡಿದು ಪೊಲೀಸ್ ಠಾಣೆಗೆ ಬಂದು, ಅಲ್ಲಿಯವರು ತಾಳ್ಮೆಯ ಮುಖವಾಡ ಹಾಕಿಕೊಂಡು ಕೇಳಬೇಕಾದ ಕತೆ ಹೇಳುವುದರೊಂದಿಗೆ. ಕಚೇರಿ ಬೇರೆ, ಅಜ್ಜಿಯ ಜಾತಿ ಒಂದೇ.

ಅದಕ್ಕಿಂತ ಸ್ವಾರಸ್ಯದ್ದು 1936ರ 'ಲಬರ್ನಮ್ ಗ್ರೋವ್'. ಜೆ. ಬಿ. ಪ್ರೀಸ್ಟ್ಲಿಯವರ ನಾಟಕ, ಕ್ಯಾರಲ್ ರೀಡ್ ನಿರ್ದೇಶನ, ತೆಗೆದದ್ದು ಈಲಿಂಗ್‌ನಲ್ಲೇ. ಲಂಡನ್ನಿನ ಅಂಚಿನ ಬಡಾವಣೆಯಲ್ಲಿ ಟೊಮೇಟೊ ಗಿಡ ಬೆಳೆಸಿಕೊಂಡು ತೆಪ್ಪಗಿರುವ ರ್‍ಯಾಡ್‌ಫರ್ನ್ ಎಂಬ ಗೃಹಸ್ಥ ನಿಜಕ್ಕೂ ಖೋಟಾ ನೋಟಿನ ದಂಧೆಯವನು. ಅವನ ಹೆಂಡತಿಯಾಗಿ ನಟಿಸಿದವರು ಕೇಟಿ. ಮರ್ಯಾದಸ್ಥರ ಮನೆ, ಮೇಜಿನ ಮೇಲೆ ಚಹಾ, ಅದೇ ಸೂರಿನಡಿ ಕಳ್ಳದುಡ್ಡು. ಹತ್ತೊಂಬತ್ತು ವರ್ಷದ ನಂತರ ಅದೇ ಸ್ಟುಡಿಯೋದಲ್ಲಿ ಅದೇ ನಟಿಯನ್ನು ಇಟ್ಟುಕೊಂಡು ಮಾಡಿದ ಹಾಸ್ಯಕ್ಕೂ ಅಡಿಪಾಯ ಇದೇ.

ನಡುವಿನ ವರ್ಷಗಳ ಪಟ್ಟಿ ಕೊಡಬಹುದು, ಆದರೆ ಓದುವವರಿಗೆ ಬೇಸರವಾದೀತು. 'ಫ್ರೀಡಂ ರೇಡಿಯೋ', 'ಜೀನಿ', 'ಐ ಸೀ ಎ ಡಾರ್ಕ್ ಸ್ಟ್ರೇಂಜರ್' ಹೀಗೆ ಸಾಗುತ್ತದೆ. ಅಜ್ಜಿ, ಮನೆಯೊಡತಿ, ರೈಲಿನ ಪ್ರಯಾಣಿಕಳು. ಎಷ್ಟೋ ಪಾತ್ರಗಳಿಗೆ ಸ್ವಂತ ಹೆಸರೂ ಇಲ್ಲ. ಕೊನೆಯದಾಗಿ ಹೇಳಿದ ಆ 1946ರ ಚಿತ್ರದ ನಾಯಕಿ ಡೆಬೊರಾ ಕೆರ್. ಹತ್ತು ವರ್ಷ ಕಳೆದು ನಾಯಕಿಯೂ ಮೂಲೆಯ ಅಜ್ಜಿಯೂ ಒಂದೇ ಪ್ರಶಸ್ತಿಗೆ ಎದುರುಬದುರಾದರು, ಗೆದ್ದದ್ದು ಅಜ್ಜಿ. 1952ರ ಈಲಿಂಗ್ ಚಿತ್ರ 'ಐ ಬಿಲೀವ್ ಇನ್ ಯೂ'ನಲ್ಲಿ ಒಂಟಿ ವೃದ್ಧೆಯ ಪಾತ್ರ. ಅದರಲ್ಲಿ ಮುಖ್ಯ ಪಾತ್ರ ವಹಿಸಿದ ಸೆಸಿಲ್ ಪಾರ್ಕರ್ ಮೂರು ವರ್ಷದ ಬಳಿಕ ಇದೇ ವೃದ್ಧೆಯನ್ನು ಕೊಲ್ಲಲು ಚೀಟಿ ಎತ್ತುವ ಮೇಜರ್ ಆಗಿ ಬರುತ್ತಾರೆ.

ಈ ಕಸುಬಿನವರಿಗೆ ಯಾವ ಪಾತ್ರ ಬೇಕಾದರೂ ಅಂಟುತ್ತಿತ್ತು ಎಂಬುದಕ್ಕೆ ನಮಗೆ ಹತ್ತಿರದ ಒಂದು ಉದಾಹರಣೆ ಇದೆ. ಹಿಮಾಲಯದ ತಪ್ಪಲಿನ ಕತೆ ಎಂದು ಹೇಳುವ 'ಬ್ಲ್ಯಾಕ್ ನಾರ್ಸಿಸಸ್' ಚಿತ್ರದಲ್ಲಿ (1947) ಹಳೆಯ ಅರಮನೆಯನ್ನು ಕಾಯುವ ಮುದುಕಿ ಆಯಾ ಒಬ್ಬಳಿದ್ದಾಳೆ. ಆ ಆಯಾ ಮೇ ಹ್ಯಾಲಟ್ ಎಂಬ ಇಂಗ್ಲಿಷ್ ನಟಿ. ಹಿಮಾಲಯ ಪೈನ್‌ವುಡ್ ಸ್ಟುಡಿಯೋದಲ್ಲಿ ಗಾಜಿನ ಮೇಲೆ ಬರೆದದ್ದು. ಇಂದು ನೋಡುವಾಗ ಮುಜುಗರವಾಗುತ್ತದೆ. ಕೇಟಿಗೆ ಅಂಥ ವೇಷಗಳು ಬರಲಿಲ್ಲ. ಆಕೆಯ ಮುಖ, ದನಿ, ನಡಿಗೆ ಎಲ್ಲವೂ ಒಂದೇ ಸೀಮೆಯವು: ವಿಕ್ಟೋರಿಯಾ ಕಾಲದಲ್ಲಿ ಬೆಳೆದ, ನಯವಾದ ಮಾತಿನ, ಮಧ್ಯಮ ವರ್ಗದ ಇಂಗ್ಲಿಷ್ ಹೆಂಗಸು. ಆ ಚಿಕ್ಕ ಸೀಮೆಯ ಒಳಗೇ ಆಕೆ ಉತ್ತು ಬಿತ್ತಿದರು.

1953ರ ಜುಲೈ 18, ಶನಿವಾರ ಸಂಜೆ. ಬಿಬಿಸಿಯವರು ಅಲೆಕ್ಸಾಂಡ್ರಾ ಪ್ಯಾಲೆಸ್‌ನ ಸ್ಟುಡಿಯೋದಿಂದ 'ದಿ ಕ್ವೇಟರ್‌ಮಾಸ್ ಎಕ್ಸ್‌ಪೆರಿಮೆಂಟ್' ಎಂಬ ಆರು ಕಂತಿನ ವೈಜ್ಞಾನಿಕ ಧಾರಾವಾಹಿ ಶುರುಮಾಡಿದರು. ಬರೆದವರು ನೈಜೆಲ್ ನೀಲ್, ನಿರ್ದೇಶನ ರುಡಾಲ್ಫ್ ಕಾರ್ಟಿಯರ್. ಆಗಿನ ದೂರದರ್ಶನ ನಾಟಕವೆಂದರೆ ನೇರ ಪ್ರಸಾರ. ಮಾತು ಮರೆತರೆ ದೇಶವೆಲ್ಲ ನೋಡುತ್ತದೆ, ಎರಡನೇ ಟೇಕ್ ಎಂಬುದಿಲ್ಲ. ಮೊದಲ ಕಂತಿನಲ್ಲಿ ಮನುಷ್ಯರನ್ನು ಹೊತ್ತು ಹೋದ ರಾಕೆಟ್ ದಾರಿ ತಪ್ಪಿ ಹಿಂತಿರುಗಿ ವಿಂಬಲ್ಡನ್ನಿನ ಒಂದು ಮನೆಯ ಮೇಲೆ ಬೀಳುತ್ತದೆ. ಮನೆಯ ಅರ್ಧ ಕುಸಿದಿದೆ, ಮಹಡಿಯ ಮೇಲೆ ಒಬ್ಬ ಮುದುಕಿ ತನ್ನ ಬೆಕ್ಕಿನೊಂದಿಗೆ ಸಿಕ್ಕಿಕೊಂಡಿದ್ದಾಳೆ. ಮಿಸ್ ವೈಲ್ಡ್ ಎಂಬ ಆ ಮುದುಕಿ ಕೇಟಿ, ವಯಸ್ಸು 74. ಜಗತ್ತಿನ ಮೊದಲ ವ್ಯೋಮನೌಕೆ ಬಂದು ಬಿದ್ದಿದೆ, ಆಕೆಯ ಚಿಂತೆಯೆಲ್ಲ ಬೆಕ್ಕಿನ ಮೇಲೆ. ಕಂತಿನ ಉಳಿದವರೆಲ್ಲ ಗಾಬರಿಯನ್ನು ನಟಿಸುತ್ತಾರೆ. ಕೇಟಿ ಗಾಬರಿಯಾಗುವುದಿಲ್ಲ, ಕೊಂಚ ಅನನುಕೂಲವಾಗಿದೆ ಎಂಬಂತಿರುತ್ತಾರೆ. ನಗು ಹುಟ್ಟುವುದು ಅಲ್ಲಿಂದ, ನಂಬಿಕೆ ಹುಟ್ಟುವುದೂ ಅಲ್ಲಿಂದಲೇ. ಎರಡು ವರ್ಷ ಕಳೆದು ಮಿಸೆಸ್ ವಿಲ್ಬರ್‌ಫೋರ್ಸ್ ಠಾಣೆಗೆ ಹೋಗಿ ಏನು ಹೇಳುತ್ತಾಳೆ ಗೊತ್ತೇ? ತನ್ನ ಗೆಳತಿ ಅಮೀಲಿಯಾ ತೋಟದಲ್ಲಿ ವ್ಯೋಮನೌಕೆ ಕಂಡೆನೆಂದು ದೂರು ಕೊಟ್ಟಿದ್ದಳಲ್ಲ, ಅದು ಬರೀ ಕನಸಂತೆ ಎಂದು. ಟೆಲಿವಿಷನ್ ನೋಡಿದ್ದ ಪ್ರೇಕ್ಷಕರಲ್ಲಿ ಕೆಲವರಾದರೂ ಆ ಹೊತ್ತಿಗೆ ಗುಟ್ಟಾಗಿ ನಕ್ಕಿರಬೇಕು.

'ದಿ ಲೇಡಿಕಿಲರ್ಸ್' ಕತೆಯೂ ಕನಸಿನಲ್ಲೇ ಹುಟ್ಟಿದ್ದು. ವಿಲಿಯಂ ರೋಸ್ ಎಂಬ ಅಮೆರಿಕನ್ ಬರಹಗಾರ ಒಂದು ರಾತ್ರಿ ಇಡೀ ಕತೆಯನ್ನು ಕನಸು ಕಂಡು ಎದ್ದವನು ಅದನ್ನು ನಿರ್ದೇಶಕ ಅಲೆಕ್ಸಾಂಡರ್ ಮೆಕೆಂಡ್ರಿಕ್‌ಗೆ ಹೇಳಿದ. ಮೆಕೆಂಡ್ರಿಕ್ ಹುಟ್ಟಿದ್ದು ಬಾಸ್ಟನ್ನಿನಲ್ಲಿ, ಬೆಳೆದದ್ದು ಗ್ಲಾಸ್ಗೋದಲ್ಲಿ. ಅತ್ಯಂತ ಇಂಗ್ಲಿಷ್ ಎನ್ನಿಸಿಕೊಂಡ ಈ ಚಿತ್ರದ ಹಿಂದಿದ್ದ ಇಬ್ಬರೂ ಇಂಗ್ಲೆಂಡಿನವರಲ್ಲ. ಇಬ್ಬರ ನಡುವೆ ಜಗಳವಾಗಿ ರೋಸ್ ನಡುವೆಯೇ ಬಿಟ್ಟು ಹೋದ. ಅವನ ಟಿಪ್ಪಣಿ ಹಿಡಿದು ಮೆಕೆಂಡ್ರಿಕ್ ಮತ್ತು ಸೆತ್ ಹೋಲ್ಟ್ ಚಿತ್ರಕತೆ ಮುಗಿಸಿದರು.

ಅಜ್ಜಿಯ ಪಾತ್ರಕ್ಕೆ ಕೇಟಿಯನ್ನು ಮೊದಲು ಬೇಡವೆಂದರು ಎಂಬ ಮಾತು ಬಹಳ ಕಾಲದಿಂದ ಚಾಲ್ತಿಯಲ್ಲಿದೆ. ಮೈ ಸೊರಗಿದೆ, ಇಡೀ ಚಿತ್ರದ ಭಾರ ಹೊರಲಾರರು ಎಂಬುದು ನಿರ್ಮಾಣ ವಿಭಾಗದ ಅಳುಕು. ಇನ್ನೂ ಕಡಿಮೆ ವಯಸ್ಸಿನ ನಟಿಯೊಬ್ಬರನ್ನು ಗೊತ್ತುಮಾಡಿದರು. ಚಿತ್ರೀಕರಣ ಶುರುವಾಗುವ ಮೊದಲೇ ಆ ನಟಿ ತೀರಿಕೊಂಡರು, ಕೇಟಿಯನ್ನು ಕರೆಸಿದರು ಎನ್ನುತ್ತಾರೆ. ಐವರು ಗಟ್ಟಿಮುಟ್ಟಾದ ಗಂಡಸರು ಸತ್ತು ಬಡಕಲು ಅಜ್ಜಿ ಉಳಿಯುವ ಚಿತ್ರಕ್ಕೆ ಇಷ್ಟು ಹೇಳಿ ಮಾಡಿಸಿದಂಥ ಮುನ್ನುಡಿ ಸಿಕ್ಕಿದರೆ ಸಿನಿಮಾದವರು ಬಿಟ್ಟಾರೆಯೇ?

ಅಳುಕಿಗೆ ಕಾರಣ ಇಲ್ಲದಿರಲಿಲ್ಲ. ಚಿತ್ರ ಟೆಕ್ನಿಕಲರ್‌ನದು. ಮೂರು ನೆಗೆಟಿವ್ ಸುರುಳಿಗಳನ್ನು ಒಟ್ಟಿಗೆ ಓಡಿಸುವ ಆ ಭಾರಿ ಕ್ಯಾಮೆರಾಕ್ಕೆ ವಿಪರೀತ ಬೆಳಕು ಬೇಕು, ಅಷ್ಟು ದೀಪ ಹಚ್ಚಿದರೆ ಸೆಟ್ಟು ಬೇಯುತ್ತದೆ. ಒಳಾಂಗಣವೆಲ್ಲ ಈಲಿಂಗ್‌ನಲ್ಲಿ. ಮನೆಯ ಹೊರಮೈಯನ್ನು ಕಿಂಗ್ಸ್ ಕ್ರಾಸ್‌ನ ಉತ್ತರಕ್ಕೆ ಫ್ರೆಡೆರಿಕಾ ಸ್ಟ್ರೀಟಿನ ತುದಿಯಲ್ಲಿ, ಕೋಪನ್‌ಹೇಗನ್ ಸುರಂಗದ ನೆತ್ತಿಯ ಮೇಲೆ ಸೆಟ್ ಹಾಕಿ ನಿಲ್ಲಿಸಿದರು. ಕೆಳಗೆ ನಿಜವಾದ ಉಗಿಬಂಡಿಗಳು, ನಿಜವಾದ ಹೊಗೆ. 76ರ ಹೆಂಗಸು ಆ ಹೊಗೆಯಲ್ಲೂ ಈ ದೀಪಗಳ ಕೆಳಗೂ ನಿಂತು, ಒಂದೇ ಮಾತನ್ನು ಬೇರೆ ಬೇರೆ ಕೋನಕ್ಕೆ ಮತ್ತೆ ಮತ್ತೆ ಆಡಬೇಕಿತ್ತು. ಎದುರಿಗೆ ಯಾರು? ಅಲೆಕ್ ಗಿನ್ನೆಸ್, ಹಲ್ಲು ಉಬ್ಬಿಸಿ, ಕೂದಲು ಕೆದರಿ, ಪೂರಾ ವೇಷ ಕಟ್ಟಿಕೊಂಡು ಬಂದವರು. ಆಗಿನ್ನೂ ರೇಡಿಯೋದ ಹುಡುಗನಾಗಿದ್ದ ಪೀಟರ್ ಸೆಲರ್ಸ್. ಹರ್ಬರ್ಟ್ ಲೋಮ್, ಡ್ಯಾನಿ ಗ್ರೀನ್, ಸೆಸಿಲ್ ಪಾರ್ಕರ್.

ಕೇಟಿ ಇವರ ನಡುವೆ ಏನು ಮಾಡುತ್ತಾರೆ ಎಂಬುದನ್ನು ಹತ್ತಿರದಿಂದ ನೋಡಬೇಕು. ಚೆಲ್ಲೊ ಪೆಟ್ಟಿಗೆಯ ದೃಶ್ಯವನ್ನೇ ತೆಗೆದುಕೊಳ್ಳಿ. ದರೋಡೆ ಮುಗಿದಿದೆ, ದುಡ್ಡು ಪೆಟ್ಟಿಗೆಯಲ್ಲಿದೆ, ಐವರೂ ಅಜ್ಜಿಗೆ ವಿದಾಯ ಹೇಳಿ ಹೊರಟಿದ್ದಾರೆ. ದಡೂತಿ ಆಸಾಮಿ ಹೊತ್ತ ಪೆಟ್ಟಿಗೆಯ ಪಟ್ಟಿ ಮುಚ್ಚಿದ ಬಾಗಿಲಿಗೆ ಸಿಕ್ಕಿಕೊಳ್ಳುತ್ತದೆ. ಅಜ್ಜಿ ಸಹಾಯ ಮಾಡೋಣವೆಂದು ಬಾಗಿಲು ತೆರೆಯುತ್ತಾಳೆ, ಅವನು ಜಗ್ಗುತ್ತಾನೆ, ಪೆಟ್ಟಿಗೆ ಬಾಯಿ ಬಿಟ್ಟು ನೋಟು ಚೆಲ್ಲಾಡುತ್ತವೆ. ಬೇರೆ ಯಾವ ನಟಿಯಾದರೂ ಇಲ್ಲಿ ಉಸಿರು ಎಳೆಯುತ್ತಿದ್ದಳು, ಕೈ ಬಾಯಿಗೆ ಹೋಗುತ್ತಿತ್ತು. ಕೇಟಿ ಹಾಗೇ ನಿಂತು ನೋಡುತ್ತಾರೆ. ಮುಖದಲ್ಲಿ ಮೊದಲು ಮೂಡುವುದು ಅರ್ಥವಾಗದ ಸೌಜನ್ಯ. ಆಮೇಲೆ ನಿಧಾನವಾಗಿ ಬೇಸರ, ಮನೆಗೆ ಬಂದ ಹುಡುಗರು ಕೆಟ್ಟ ಕೆಲಸ ಮಾಡಿ ಸಿಕ್ಕಿಬಿದ್ದರೆ ಆಗುವಂಥದ್ದು. ಅವಳಿಗೆ ಭಯವೇ ಹುಟ್ಟುವುದಿಲ್ಲ. ಹುಟ್ಟಿದ್ದರೆ ಚಿತ್ರ ಅಲ್ಲೇ ಮುಗಿದು ಇನ್ನೊಂದು ಕೊಲೆಯ ಕತೆಯಾಗುತ್ತಿತ್ತು.

ಅದರ ಬೆನ್ನಿಗೇ ಅಜ್ಜಿಯ ಗೆಳತಿಯರ ದಂಡು ಚಹಾಕ್ಕೆ ಬರುತ್ತದೆ. ತಿಳಿ ಬಣ್ಣದ ಉಡುಪು, ಟೊಪ್ಪಿ, ಕೀರಲು ದನಿಗಳು. ಕೊಲೆಗಡುಕರು ಬಟ್ಟಲು ತಟ್ಟೆ ಹಿಡಿದು ಗೋಡೆಗೆ ಒತ್ತಿಕೊಂಡು ನಿಲ್ಲುತ್ತಾರೆ, ಪಿಯಾನೊಲಾ ಜೊತೆ ಹಳೆಯ ಹಾಡಿಗೆ ದನಿಗೂಡಿಸುತ್ತಾರೆ. ಅತಿಥಿಗಳೆದುರು ಸಭ್ಯರಂತೆ ನಡೆದುಕೊಳ್ಳಬೇಕೆಂದು ಅಜ್ಜಿ ಮೊದಲೇ ಗದರಿಸಿದ್ದಾಳೆ. ಆ ಗದರಿಕೆಯ ದನಿಯಲ್ಲಿ ಏರಿಳಿತವೇ ಇಲ್ಲ. ಗಿನ್ನೆಸ್ ಮುಖ ಹತ್ತು ಬಗೆಯಾಗಿ ಹಿಂಡಿಕೊಳ್ಳುವಾಗ ಈ ಕಡೆ ಒಂದು ಹುಬ್ಬೂ ಅಲ್ಲಾಡುವುದಿಲ್ಲ. ಐದು ಜನ ಎಷ್ಟು ಬೇಕಾದರೂ ಹಾರಾಡಲಿ ಎಂದು ನಡುವೆ ನೆಟ್ಟ ಕಂಬದಂತೆ ಕೇಟಿ ನಿಂತಿದ್ದಾರೆ. ಇದು ಮೊದಲ ಬಾರಿ ದೊಡ್ಡ ಪಾತ್ರ ಸಿಕ್ಕವರ ನಟನೆಯಲ್ಲ. ದೊಡ್ಡ ನಟರ ದೃಶ್ಯವನ್ನು ಕೆಡಿಸದೆ, ತನ್ನ ಎರಡು ಮಾತನ್ನು ಅಳತೆಗೆ ಸರಿಯಾಗಿ ಇಟ್ಟು ಸರಿಯಬೇಕು ಎಂಬುದನ್ನು ಜೀವಮಾನವೆಲ್ಲ ಕಲಿತವರ ನಟನೆ. ಪೋಷಕ ನಟಿ ನಾಯಕನ ದೃಶ್ಯದಲ್ಲಿ ಅತಿ ಮಾಡಿದರೆ ಮರುದಿನ ಕೆಲಸವಿಲ್ಲ. ಹೊಟ್ಟೆಪಾಡು ಕಲಿಸಿದ ಸಂಯಮ ಅದು, ಇಲ್ಲಿ ಇಡೀ ಚಿತ್ರವನ್ನೇ ಹೊತ್ತು ನಿಂತಿತು.

ಮಾತಿನ ನಡುವೆ ಒಂದು ಕಡೆ ಅಜ್ಜಿ ತನ್ನ ಇಪ್ಪತ್ತೊಂದನೆಯ ಹುಟ್ಟುಹಬ್ಬವನ್ನು ನೆನೆಯುತ್ತಾಳೆ. ಹಬ್ಬದ ನಡುವೆ ಯಾರೋ ಬಂದು ಹಳೆಯ ರಾಣಿ ತೀರಿಕೊಂಡಳೆಂದು ಹೇಳಿದರು ಎಂಬ ನೆನಪು. ವಿಕ್ಟೋರಿಯಾ ಸತ್ತದ್ದು 1901ರ ಜನವರಿ 22ರಂದು. ಸುದ್ದಿ ಬರುತ್ತಿದ್ದಂತೆ ಲಂಡನ್ನಿನ ನಾಟಕಶಾಲೆಗಳು ಬಾಗಿಲು ಹಾಕಿದವು. ಕೇಟಿಗೆ ಆಗ 22, ರಂಗಕ್ಕೆ ಬಂದು ಏಳನೆಯ ವರ್ಷ. ಚಿತ್ರದ ಉಳಿದವರಿಗೆ ಅದು ಚರಿತ್ರೆಯ ಪಾಠ, ಆಕೆಗೆ ಒಂದು ಚಳಿಗಾಲದ ಕೂಲಿಯಿಲ್ಲದ ರಾತ್ರಿ.

ಮೆಕೆಂಡ್ರಿಕ್ ಮುಂದೆ ಈ ಚಿತ್ರವನ್ನು ಯುದ್ಧದ ನಂತರದ ಬ್ರಿಟನ್ನಿನ ರೂಪಕವೆಂಬಂತೆ ವಿವರಿಸಿದ್ದುಂಟು: ಪಾಯ ಕುಸಿದ ಮನೆ, ಸವೆದ ಅಜ್ಜಿ, ಹಳೆಯ ಮರ್ಯಾದೆಯೊಂದರ ಬಲದಿಂದಲೇ ಬದುಕುವ ದೇಶ. ಗಿಳಿಗಳೂ ಆ ಮಾತಿಗೆ ಒದಗುತ್ತವೆ. ಒಂದರ ಹೆಸರು ಜನರಲ್ ಗಾರ್ಡನ್. ಅಜ್ಜಿಯ ಗಂಡ ಹಡಗಿನ ಕ್ಯಾಪ್ಟನ್. ಚೀನಾ ಸಮುದ್ರದಲ್ಲಿ ಹಡಗು ಮುಳುಗುವಾಗ ಗಿಳಿಗಳನ್ನು ದೋಣಿಗೆ ಹತ್ತಿಸಿ ತಾನು ಸಲ್ಯೂಟ್ ಹೊಡೆದು ಮುಳುಗಿದವನು. ಒಂದು ಕಾಲದ ಬ್ರಿಟಿಷ್ ಸಾಮ್ರಾಜ್ಯದ ಪ್ರಜೆಗಳ ಮಕ್ಕಳಾದ ನಾವು ಇಲ್ಲಿ ಸ್ವಲ್ಪ ಜೋರಾಗಿಯೇ ನಗಬಹುದು. ಆದರೆ ರೂಪಕವನ್ನು ನಟಿಸಲು ಬರುವುದಿಲ್ಲ. ಕೇಟಿ ನಟಿಸಿದ್ದು ನಲ್ಲಿಯಲ್ಲಿ ನೀರು ಬಾರದಿದ್ದರೆ ಮರದ ಸುತ್ತಿಗೆಯಿಂದ ಪೈಪಿಗೆ ಬಡಿಯುವ, ಹೋದಲ್ಲೆಲ್ಲ ಛತ್ರಿ ಮರೆಯುವ, ಕುದುರೆಗೆ ಹೊಡೆಯುವ ತಳ್ಳುಗಾಡಿಯವನನ್ನು ಕಂಡರೆ ಕಳ್ಳದುಡ್ಡಿನ ಪೆಟ್ಟಿಗೆ ಇರುವ ಟ್ಯಾಕ್ಸಿಯನ್ನೂ ನಿಲ್ಲಿಸಿ ಇಳಿದು ಬೈಯುವ ಹೆಂಗಸನ್ನು.

ಚಿತ್ರ ಬಿಡುಗಡೆಯಾದದ್ದು 1955ರ ಡಿಸೆಂಬರಿನಲ್ಲಿ. ಅದೇ ವರ್ಷ ಈಲಿಂಗ್ ಸ್ಟುಡಿಯೋ ಬಿಬಿಸಿಗೆ ಮಾರಾಟವಾಗಿತ್ತು. ಮೆಕೆಂಡ್ರಿಕ್ ಅಮೆರಿಕಕ್ಕೆ ಹೋಗಿ 'ಸ್ವೀಟ್ ಸ್ಮೆಲ್ ಆಫ್ ಸಕ್ಸೆಸ್' ಮಾಡಿದರು. ಸೆಲರ್ಸ್ ಜಗತ್ಪ್ರಸಿದ್ಧನಾದ. ಕೇಟಿ ಪ್ರಶಸ್ತಿ ತೆಗೆದುಕೊಂಡು ಇನ್ನೊಂದು ಚಿತ್ರಕ್ಕೆ ಹೋದರು: ನೈಜೆಲ್ ಪ್ಯಾಟ್ರಿಕ್ ನಿರ್ದೇಶಿಸಿದ 'ಹೌ ಟು ಮರ್ಡರ್ ಎ ರಿಚ್ ಅಂಕಲ್'. ಸಿರಿವಂತ ಚಿಕ್ಕಪ್ಪನನ್ನು ಕೊಲ್ಲಲು ಹೊರಟ ಮನೆಯವರೇ ಒಬ್ಬೊಬ್ಬರಾಗಿ ಸಾಯುವ ಕತೆ. ಸಿನಿಮಾದವರ ಬುದ್ಧಿ ಎಲ್ಲ ಕಾಲಕ್ಕೂ ಒಂದೇ, ಗೆದ್ದ ಎತ್ತಿಗೆ ಅದೇ ನೊಗ. ಅದೇ ಆಕೆಯ ಕೊನೆಯ ಚಿತ್ರ. 1957ರ ಮೇ 4ರಂದು ಕೆಂಟ್ ಸೀಮೆಯ ಎಲ್‌ಹ್ಯಾಮ್‌ನಲ್ಲಿ ಕೇಟಿ ತೀರಿಕೊಂಡರು.

2004ರಲ್ಲಿ ಕೋಯೆನ್ ಸಹೋದರರು 'ದಿ ಲೇಡಿಕಿಲರ್ಸ್' ಅನ್ನು ಅಮೆರಿಕದ ದಕ್ಷಿಣಕ್ಕೆ ಒಯ್ದು ಮತ್ತೆ ತೆಗೆದರು. ಪ್ರೊಫೆಸರ್ ಪಾತ್ರಕ್ಕೆ ಟಾಮ್ ಹ್ಯಾಂಕ್ಸ್ ಇದ್ದರೂ ಕಾನ್ ಉತ್ಸವದಲ್ಲಿ ಜ್ಯೂರಿ ಬಹುಮಾನ ಪಡೆದದ್ದು ಅಜ್ಜಿಯಾಗಿ ನಟಿಸಿದ ಇರ್ಮಾ ಹಾಲ್. ಕತೆಯ ಹಣೆಬರಹ ಹಾಗಿದೆ. ಮೂಲ ಚಿತ್ರವನ್ನು ಚೊಕ್ಕಟಗೊಳಿಸಿ ಮತ್ತೆ ಬಿಡುಗಡೆ ಮಾಡಿದ್ದಾರೆ, ಹುಡುಕಿದರೆ ಸಿಗುತ್ತದೆ. ಅದನ್ನು ನೋಡುವ ಮೊದಲು ಸಾಧ್ಯವಾದರೆ 'ಕ್ವೇಟರ್‌ಮಾಸ್' ಮೊದಲ ಕಂತು ನೋಡಿ. ಆರು ಕಂತುಗಳಲ್ಲಿ ಬಿಬಿಸಿ ಫಿಲಂ ಮೇಲೆ ಹಿಡಿದಿಟ್ಟದ್ದು ಮೊದಲ ಎರಡನ್ನು ಮಾತ್ರ, ಕುಸಿದ ಮನೆಯ ಮಹಡಿಯಲ್ಲಿ ಕೇಟಿ ಇರುವುದು ಅದರ ಮೊದಲನೆಯದರಲ್ಲೇ.